ವಾಯಿದೆ ತಪ್ಪದಿದ್ರೆ ಬಡ್ಡಿ ಬೀಳುದಿಲ್ಲ ಅಲ್ವಾ?

ಕಳೆದ ವಾರ ಹಳೆಯ ರವಿಕೆಯೊಂದನ್ನು ಸಡಿಲ ಮಾಡಲು ಕೂತಿದ್ದೆ. ಮಗುಚಿ ನೋಡಿದರೆ ಬದಿಯಲ್ಲಿ ಒಂದರ ಪಕ್ಕ ಒಂದರಂತೆ ಮೂರು ಹೊಲಿಗೆ. ಮೊದಲನೆಯದನ್ನು ಬಿಚ್ಚಿದರೆ ಎರಡನೆಯದು ಹಿಡಿದುಕೊಳ್ಳುತ್ತದೆ. ಅದೂ ಬಿಗಿಯಾದರೆ ಮೂರನೆಯದು ಇದ್ದೇ ಇದೆ. ಬಟ್ಟೆಯಿಂದ ಮೆಷಿನ್ ಎಣ್ಣೆಯ ವಾಸನೆ ಬಂದಂತಾಯಿತು... ನನ್ನ ಭ್ರಮೆಯೇ ಇರಬೇಕು. ಹದಿಮೂರು ವರ್ಷದ ಹಿಂದಿನ ಹೊಲಿಗೆ ಅದು. ಹೊಲಿದವರು ತೀರಿಕೊಂಡು ಎರಡು ವರ್ಷವಾಯಿತು.

ಪುತ್ತೂರಿನ ದರ್ಬೆಯಲ್ಲಿ ನಮ್ಮ ಮನೆಯ ಎದುರಿಗೇ ಅವರ ಅಂಗಡಿ. ಅಂಗಡಿ ಎಂದರೆ ಬಾಡಿಗೆಗೆ ಹಿಡಿದಿದ್ದ ಸಣ್ಣ ಹಂಚಿನ ಮನೆಯ ಮುಂದಿನ ಕೋಣೆ. ಹಿಂದಿನ ಎರಡು ಕೋಣೆಗಳಲ್ಲಿ ಅವರ ವಾಸ. ಬೀದಿಯವರಿಗೆಲ್ಲ ಟೈಲರ್ ಅಕ್ಕ. ಮದುವೆಯಾಗಿರಲಿಲ್ಲ. ಹುಟ್ಟಿದ ಮನೆ ಕಡಬದ ಕಡೆ. ಅಲ್ಲಿ ಅಣ್ಣನ ಸಂಸಾರವಿತ್ತು. ಅಳತೆ ತೆಗೆಯುವಾಗ ಟೇಪನ್ನು ಕುತ್ತಿಗೆಗೆ ಹಾಕಿಕೊಂಡು, "ಸ್ವಲ್ಪ ಬಟ್ಟೆ ಒಳಗೆ ಬಿಡ್ತೇನೆ ಮಾರಾಯ್ತಿ, ನೀನು ಯಾವಾಗ್ಲೂ ಹೀಗೆ ಕಡ್ಡಿ ಹಾಗೆ ಇರುದಿಲ್ಲ," ಎಂದು ನಗುತ್ತಿದ್ದರು.

ಮನೆಯ ಯಜಮಾನರು ಆ ಮನೆಯನ್ನೂ ಐದು ಸೆಂಟ್ಸ್ ಜಾಗವನ್ನೂ ಮಾರಲು ಹೊರಟಾಗ ಅಕ್ಕನಿಗೆ ನಲವತ್ತೈದು ವರ್ಷ. ಬೇರೆಯವರ ಪಾಲಾದರೆ ಅಂಗಡಿಯೂ ಹೋಗುತ್ತಿತ್ತು, ತಲೆಯ ಮೇಲಿನ ಸೂರೂ ಹೋಗುತ್ತಿತ್ತು. ಕೈಯಲ್ಲಿದ್ದ ಉಳಿತಾಯವಲ್ಲದೆ ಇನ್ನೂ ಹನ್ನೆರಡು ಲಕ್ಷ ಬೇಕಿತ್ತು. ಬ್ಯಾಂಕಿನವರು ಆದಾಯದ ದಾಖಲೆ ಕೇಳಿದರು. ರವಿಕೆ ಹೊಲಿಯುವವರಿಗೆ ಎಲ್ಲಿಯ ದಾಖಲೆ? ಆಗ ಬಂದವನು ಮನೆ ಸಾಲದ ಒಂದು ಖಾಸಗಿ ಕಂಪನಿಯ ಏಜೆಂಟ್.

ಅವನ ಮುಖ ನನಗೆ ಮರೆತುಹೋಗಿದೆ, ಬೂಟು ಮರೆತಿಲ್ಲ. ಕೆಸರಿನಲ್ಲಿ ಬಂದವನು ನೆಲದ ಮೇಲಿದ್ದ ಬಟ್ಟೆಯ ರಾಶಿಯಿಂದ ಒಂದು ತುಂಡು ಎತ್ತಿ ಬೂಟು ಒರೆಸಿಕೊಂಡ. ಯಾರದೋ ರೇಷ್ಮೆ ರವಿಕೆಯ ತೋಳು ಅದು, ಕತ್ತರಿಸಿಟ್ಟದ್ದು. ಅಕ್ಕ ಓಡಿ ಬಂದು ಅದನ್ನು ಅವನ ಕೈಯಿಂದ ಬಿಡಿಸಿ, ಹಳೆ ಚಿಂದಿಯೊಂದನ್ನು ಕೊಟ್ಟರು. ಬೈಯಲಿಲ್ಲ. ಚಹಾ ಮಾಡಿಕೊಟ್ಟರು. ಅವರಿಗೆ ಅವನಿಂದ ಕೆಲಸ ಆಗಬೇಕಿತ್ತಲ್ಲ... ಆ ಚಹಾದ ಲೋಟ ನೆನಪಾದರೆ ಈಗಲೂ ನನಗೆ ಅಸಹ್ಯವಾಗುತ್ತದೆ.

ಸಹಿ ಹಾಕುವ ದಿನ ಅಕ್ಕ ನನ್ನನ್ನೂ ಕರೆದುಕೊಂಡು ಹೋದರು. ನಾನು ಬಿ.ಕಾಂ. ಮುಗಿಸಿ ಎಂ.ಕಾಂ. ಓದುತ್ತಿದ್ದೆ. "ನನಗೆ ಇಂಗ್ಲಿಷ್ ಬರುದಿಲ್ಲ, ನೀನು ಓದಿ ಹೇಳು, ಸಾಕ್ಷಿಗೂ ನಿನ್ನದೇ ಸಹಿ ಆಗ್ಲಿ," ಎಂದಿದ್ದರು. ಪುತ್ತೂರಿನ ಮುಖ್ಯರಸ್ತೆಯ ಕಟ್ಟಡವೊಂದರ ಮೇಲಂತಸ್ತಿನಲ್ಲಿ ಆಫೀಸು. ಕಾಗದದ ಕಟ್ಟು ಒಂದು ಪಾಠಪುಸ್ತಕದಷ್ಟು ದಪ್ಪವಿತ್ತು. ಪೆನ್ಸಿಲಿನಲ್ಲಿ ಗುರುತು ಹಾಕಿದಲ್ಲೆಲ್ಲ ಅಕ್ಕ ಸಹಿ ಹಾಕುತ್ತಾ ಹೋದರು. ನಾನು ಪುಟ ಮಗುಚುತ್ತಿದ್ದೆ. ಓದಲಿಲ್ಲ, ಮಗುಚಿದೆ. ನನಗೆ ಎರಡು ಗಂಟೆಯ ಬಸ್ಸು ಹಿಡಿಯಬೇಕಿತ್ತು.

ಮಧ್ಯದಲ್ಲಿ ಅಕ್ಕ ಪೆನ್ನು ಕೆಳಗಿಟ್ಟು ಕೇಳಿದರು: "ವಾಯಿದೆ ತಪ್ಪದಿದ್ರೆ ಬಡ್ಡಿ ಬೀಳುದಿಲ್ಲ ಅಲ್ವಾ?"

"ವಾಯಿದೆ ತಪ್ಪದಿದ್ರೆ ನಿಮಗೆ ಎಂತ ತೊಂದರೆಯೂ ಇಲ್ಲ ಅಕ್ಕ," ಎಂದ ಏಜೆಂಟ್.

ಎರಡೂ ಮಾತು ನನ್ನ ಕಿವಿಗೆ ಬಿದ್ದವು. ಅಕ್ಕ ಕೇಳಿದ್ದು ತಡವಾದರೆ ಹಾಕುವ ದಂಡದ ಬಡ್ಡಿಯ ಬಗ್ಗೆ ಎಂದುಕೊಂಡೆ. ನಮ್ಮ ಕಡೆ ಆ ಮಾತಿಗೆ ಬೇರೆಯೇ ಅರ್ಥವಿದೆ ಎಂಬುದು ನನಗೆ ಹೊಳೆಯಲೇ ಇಲ್ಲ. ಊರಿನ ಸಹಕಾರಿ ಸಂಘದಲ್ಲಿ, ಎಲ್ಲರೂ ಸೊಸೈಟಿ ಎನ್ನುವಲ್ಲಿ, ಬೆಳೆ ಸಾಲ ತೆಗೆದವರು ಹೇಳಿದ ದಿನದೊಳಗೆ ಕಟ್ಟಿಬಿಟ್ಟರೆ ಬಡ್ಡಿ ಇಲ್ಲ; ಅದನ್ನು ಸರಕಾರ ಭರಿಸುತ್ತದೆ. ದಿನ ತಪ್ಪಿದರೆ ಮಾತ್ರ ಬಡ್ಡಿ "ಬೀಳುತ್ತದೆ". ಕಡಬದಲ್ಲಿ ಅಕ್ಕನ ಅಣ್ಣ ಪ್ರತಿವರ್ಷ ಹಾಗೆಯೇ ತೆಗೆದು ಹಾಗೆಯೇ ಕಟ್ಟುತ್ತಿದ್ದರು. ಅಕ್ಕ ಹುಟ್ಟಿದಾರಭ್ಯ ಕಂಡ ಸಾಲ ಅದೊಂದೇ.

ಕೊನೆಯ ಪುಟಗಳಲ್ಲಿ ಉದ್ದನೆಯ ಒಂದು ಪಟ್ಟಿಯಿತ್ತು. ಇಪ್ಪತ್ತು ವರ್ಷ, ಇನ್ನೂರ ನಲವತ್ತು ಕಂತು. ಅದರ ಮೊದಲನೇ ಸಾಲನ್ನು ನಾನು ನೋಡಿದ್ದೇನೆ. ಕಂತು ಹನ್ನೆರಡು ಸಾವಿರದ ಮುನ್ನೂರ ಎಂಬತ್ತಾರು. ಅದರಲ್ಲಿ ಬಡ್ಡಿಗೆ ಹನ್ನೊಂದು ಸಾವಿರ, ಅಸಲಿಗೆ ಸಾವಿರದ ಮುನ್ನೂರ ಎಂಬತ್ತಾರು. ಹನ್ನೆರಡು ಲಕ್ಷಕ್ಕೆ ಕೊನೆಗೆ ಹತ್ತಿರ ಹತ್ತಿರ ಮೂವತ್ತು ಲಕ್ಷ ಕಟ್ಟುವ ಲೆಕ್ಕ. ಈ ಲೆಕ್ಕದ ಸೂತ್ರ ಬರೆದು ಪರೀಕ್ಷೆಯಲ್ಲಿ ಅಂಕ ತೆಗೆದವಳು ನಾನು. ಬಾಯಿ ತೆರೆಯಲಿಲ್ಲ. ಸಾಲ ಎಂದ ಮೇಲೆ ಇದೆಲ್ಲ ಅವರಿಗೆ ಗೊತ್ತೇ ಇರುತ್ತದೆ ಎಂದುಕೊಂಡು ಸಾಕ್ಷಿಯ ಜಾಗದಲ್ಲಿ ಚೆಂದದ ಸಹಿ ಹಾಕಿ ಬಸ್ಸಿಗೆ ಓಡಿದೆ.

ಆಮೇಲೆ ನಾನು ಮದುವೆಯಾಗಿ ಸುಳ್ಯಕ್ಕೆ ಬಂದೆ. ಅಕ್ಕ ಹೊಲಿಯುತ್ತಿದ್ದರು. ಪ್ರತಿ ತಿಂಗಳ ಐದನೇ ತಾರೀಕು ಕಂತಿನ ವಾಯಿದೆ. ಅವರು ನಾಲ್ಕಕ್ಕೇ ಕಟ್ಟಿಬಿಡುತ್ತಿದ್ದರು. ನಾನು ತವರಿಗೆ ಹೋದಾಗ ಕಂಡರೆ, "ಇಪ್ಪತ್ತು ವರ್ಷ ಅಂತ ಬರೆದದ್ದು ಕಟ್ಲಿಕ್ಕೆ ಆಗದವ್ರಿಗೆ. ನನ್ನದು ಎಂಟು ವರ್ಷದಲ್ಲಿ ಮುಗೀತದೆ ನೋಡು," ಎನ್ನುತ್ತಿದ್ದರು. ಅಷ್ಟು ಹುಮ್ಮಸ್ಸು ಒಳ್ಳೆಯದೇ ಎಂದುಕೊಂಡೆ. ಹನ್ನೆರಡು ಲಕ್ಷವನ್ನು ಕಂತಿನಿಂದ ಭಾಗಿಸಿ ಆ ಎಂಟು ವರ್ಷ ಹೇಳುತ್ತಿದ್ದಾರೆ ಎಂದು ಒಮ್ಮೆಯೂ ತೋಚಲಿಲ್ಲ.

ಐದು ವರ್ಷ ಆಗುತ್ತಲೇ ಫೋನ್ ಬಂತು. "ನಾಳೆ ಸಾಲ ಮುಗಿಸುದು. ಸಾಕ್ಷಿ ಹಾಕಿದವಳು ನೀನು, ಬಿಡಿಸುವಾಗ್ಲೂ ನೀನೇ ಇರ್ಬೇಕು. ಬೆಳಗ್ಗಿನ ಬಸ್ಸಿಗೆ ಬಾ."

ಹೋದೆ. ಅಕ್ಕ ಇಸ್ತ್ರಿ ಮಾಡಿದ ಸೀರೆಯುಟ್ಟು ಕಾಯುತ್ತಿದ್ದರು. ಕೈಯಲ್ಲಿ ಆಫೀಸಿನವರಿಗೆಂದು ಲಡ್ಡಿನ ಪೊಟ್ಟಣ. ಲೆಕ್ಕದ ಪುಸ್ತಕದಲ್ಲಿ ಬಾಕಿ ಬರೆದಿದ್ದರು: ನಾಲ್ಕು ಲಕ್ಷ ಐವತ್ತಾರು ಸಾವಿರದ ಎಂಟುನೂರ ನಲವತ್ತು. ಅಷ್ಟು ಹಣ ಎಲ್ಲಿಂದ ಎಂದು ಕೇಳಿದೆ.

"ಅಣ್ಣ ಕೊಟ್ಟದ್ದು. ತರವಾಡಿನ ಜಾಗದಲ್ಲಿ ನನ್ನ ಪಾಲು ಬೇಡ ಅಂತ ಬರೆದುಕೊಟ್ಟೆ. ನನಗೆ ಅಲ್ಲಿ ಎಂತ ಉಂಟು ಮಾರಾಯ್ತಿ? ನನಗೊಂದು ಮನೆ ಆಯ್ತಲ್ಲ."

ಹಿರಿಯರ ಆಸ್ತಿಯ ಆ ಪಾಲಿನ ಬೆಲೆ ಆ ಹಣದ ಎಷ್ಟೋ ಪಟ್ಟು ಇತ್ತು. ಅಕ್ಕನಿಗೆ ಬೇಕಾದಷ್ಟನ್ನೇ ಅಕ್ಕ ಕೇಳಿದ್ದರು. ಅಣ್ಣ ಚೌಕಾಶಿಯಿಲ್ಲದೆ ಕೊಟ್ಟುಬಿಟ್ಟಿದ್ದರು. ರಿಜಿಸ್ಟ್ರಿಯೂ ಆಗಿತ್ತು.

ಆಫೀಸಿನ ಕೌಂಟರಿನಲ್ಲಿ ಕೂತಿದ್ದ ಹುಡುಗಿ ಕಂಪ್ಯೂಟರ್ ನೋಡಿ, "ಬಾಕಿ ಹತ್ತು ಲಕ್ಷ ತೊಂಬತ್ತು ಸಾವಿರ ಮೇಡಂ," ಎಂದಳು.

"ಅದು ಬೇರೆ ಯಾರದ್ದೋ ಇರ್ಬೇಕು. ಸರಿ ನೋಡಿ ಮಾರಾಯ್ರೆ," ಎಂದರು ಅಕ್ಕ, ನಗುತ್ತಲೇ.

ಅವಳು ಇನ್ನೊಮ್ಮೆ ಹೆಸರು, ನಂಬರು ಓದಿದಳು. ಅಕ್ಕನದೇ. ಏಳು ಲಕ್ಷ ನಲವತ್ತಮೂರು ಸಾವಿರ ಕಟ್ಟಿದ್ದರಲ್ಲಿ ಅಸಲಿಗೆ ಹೋದದ್ದು ಒಂದು ಲಕ್ಷ ಹತ್ತು ಸಾವಿರ.

"ನಾನು ಒಂದು ತಿಂಗಳೂ ವಾಯಿದೆ ತಪ್ಪಲಿಲ್ಲ. ಮತ್ತೆ ಬಡ್ಡಿ ಹೇಗೆ ಬಿದ್ದದ್ದು?"

ಹುಡುಗಿ ಬಾಯಿಗೆ ಕೈ ಅಡ್ಡ ಹಿಡಿದಳು. ನಗು ತಡೆಯಲು. ಆ ಪ್ರಶ್ನೆಯನ್ನು ಅಕ್ಕ ಐದು ವರ್ಷದ ಹಿಂದೆ ಇದೇ ಆಫೀಸಿನಲ್ಲಿ ಕೇಳಿದ್ದರು ಎಂಬುದು ಆಗ ನನಗೆ ನೆನಪಾಯಿತು, ಅದರ ಅರ್ಥವೂ ಆಯಿತು.

ಮ್ಯಾನೇಜರ್ ಬಂದ. ಗಾಜಿನ ಕೋಣೆಗೆ ಕರೆದು ಕೂರಿಸಿ ನಯವಾಗಿ ಮಾತಾಡಿದ. "ಬಡ್ಡಿ ರೇಟ್ ಈಗ ಸ್ವಲ್ಪ ಏರಿದೆ ಮೇಡಂ, ಮೆಸೇಜ್ ಬಂದಿರ್ಬೇಕು ನಿಮಗೆ. ಆದ್ರೆ ಕಂತು ಒಂದು ರೂಪಾಯಿಯೂ ಹೆಚ್ಚು ಮಾಡಲಿಲ್ಲ ನಾವು."

"ಮತ್ತೆ ಎಂತ ಹೆಚ್ಚು ಮಾಡಿದ್ದು?" ಎಂದೆ.

"ಅವಧಿ."

ಅಕ್ಕನ ಮೊಬೈಲಿನಲ್ಲಿ ಇಂಗ್ಲಿಷಿನ ಆ ಮೆಸೇಜ್ ಇತ್ತು. ಇನ್ನು ಉಳಿದ ಕಂತು ಇನ್ನೂರ ಐವತ್ತೆಂಟು. ಇಪ್ಪತ್ತು ವರ್ಷಕ್ಕೆಂದು ಶುರುವಾದ ಸಾಲಕ್ಕೆ ಐದು ವರ್ಷ ತಪ್ಪದೆ ಕಟ್ಟಿದ ಮೇಲೆ ಉಳಿದದ್ದು ಇಪ್ಪತ್ತೊಂದೂವರೆ ವರ್ಷ! ನಾನು ಅದನ್ನು ಕನ್ನಡದಲ್ಲಿ ಹೇಳಿದೆ. ಅಕ್ಕ ಬೆರಳು ಮಡಚಿ ಎಣಿಸಿದರು.

"ನನಗೆ ಎಪ್ಪತ್ತು ದಾಟ್ತದೆ. ಸೂಜಿಗೆ ನೂಲು ಹಾಕ್ಲಿಕ್ಕೆ ಆಗ ನಿಮ್ಮ ಕಣ್ಣು ಕೊಡ್ತೀರಾ?"

ಮ್ಯಾನೇಜರ್ ಅದನ್ನೂ ತಮಾಷೆ ಎಂದೇ ತೆಗೆದುಕೊಂಡ. ಅಕ್ಕ ತಂದ ಲಡ್ಡು ಒಂದನ್ನು ಬಾಯಿಗೆ ಹಾಕಿಕೊಳ್ಳುತ್ತಾ ಹೇಳಿದ: "ನಾಲ್ಕೂವರೆ ಲಕ್ಷ ಕೈಯಲ್ಲಿ ಉಂಟಲ್ಲ, ಅದನ್ನು ಸಾಲಕ್ಕೆ ಸುರಿದು ಯಾಕೆ ಕಳ್ಕೊಳ್ತೀರಿ? ನಮ್ಮಲ್ಲೇ ಒಂದು ಒಳ್ಳೆ ಪಾಲಿಸಿ ಉಂಟು. ಅದಕ್ಕೆ ಹಾಕಿ. ಕಂತು ಹೇಗೂ ಸಲೀಸಾಗಿ ಹೋಗ್ತಾ ಉಂಟು."

ಫಾರಂ ಅದಾಗಲೇ ಮೇಜಿನ ಮೇಲಿತ್ತು. ಪೆನ್ನನ್ನೂ ತೆರೆದು ಕೊಟ್ಟ. ಅಕ್ಕ ತೆಗೆದುಕೊಂಡರು. ಅವರಿಗೆ ಏನೂ ಕೇಳಿಸುತ್ತಿರಲಿಲ್ಲ ಎಂದು ಕಾಣುತ್ತದೆ... ಪೆನ್ಸಿಲ್ ಗುರುತಿನ ಮೇಲೆ ಪೆನ್ನು ಊರಿದ್ದರು. ಹುಟ್ಟಿದ ಮನೆಯ ಪಾಲು ಬಿಟ್ಟುಕೊಟ್ಟು ಪಡೆದ ಹಣ ಅದು, ಮತ್ತೆ ಬರುವಂಥದಲ್ಲ. ಆ ಸಹಿ ಬಿದ್ದಿದ್ದರೆ ಹಣವೂ ಇಲ್ಲ, ಮನೆಯೂ ಅವರದಲ್ಲ. ಆ ಎರಡು ಕ್ಷಣ ಇವತ್ತಿಗೂ ನನ್ನನ್ನು ಬಿಟ್ಟಿಲ್ಲ. ಅನ್ನ ಬಸಿಯುವಾಗ, ಬಸ್ಸಿನಲ್ಲಿ ಕೂತಿರುವಾಗ, ಆ ಪೆನ್ನಿನ ತುದಿ ಕಣ್ಣ ಮುಂದೆ ಬಂದು ನಿಲ್ಲುತ್ತದೆ.

"ಅಕ್ಕ, ಬೇಡ," ಎಂದು ಅವರ ಕೈ ಹಿಡಿದೆ.

ಅವರು ನನ್ನ ಕಡೆ ತಿರುಗಿದರು. "ಆ ದಿನವೂ ನೀನೇ ಓದಿದ್ದಲ್ವಾ ಮಾರಾಯ್ತಿ?"

ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ತಡೆದುಕೊಳ್ಳುತ್ತಿದ್ದೆ. ಓದಲಿಲ್ಲ ಅಕ್ಕ, ಸುಮ್ಮನೆ ಪುಟ ಮಗುಚಿದೆ ಎಂದೆ. ಮ್ಯಾನೇಜರಿನ ಎದುರಿಗೇ ಹೇಳಿದೆ. ಅಕ್ಕ ಪೆನ್ನಿನ ಮುಚ್ಚಳ ಹಾಕಿ, "ಹಾಗಾದ್ರೆ ಈಗ ಓದು. ಕನ್ನಡದಲ್ಲಿ ಓದು. ಎಲ್ಲ ಓದು," ಎಂದರು.

ಓದಿದೆ. ಮ್ಯಾನೇಜರ್ ಗಡಿಯಾರ ನೋಡಿದ, ಊಟದ ಹೊತ್ತಾಯಿತೆಂದ. ಅಕ್ಕ ಅಲುಗಲಿಲ್ಲ. ಮೊಬೈಲಿನಲ್ಲಿ ಲೆಕ್ಕ ಹಾಕಿ ತೋರಿಸಿದೆ: ಆ ನಾಲ್ಕೂವರೆ ಲಕ್ಷ ಚಿಲ್ಲರೆಯನ್ನು ಅಸಲಿಗೇ ಕಟ್ಟಿ, ಕಂತನ್ನು ಈಗಿನಷ್ಟೇ ಇಟ್ಟರೆ, ಇನ್ನೂರ ಐವತ್ತೆಂಟು ಕಂತು ಎಪ್ಪತ್ತನಾಲ್ಕಕ್ಕೆ ಇಳಿಯುತ್ತದೆ. ಆರು ವರ್ಷ ಎರಡು ತಿಂಗಳು. ಹದಿನೆಂಟು ಲಕ್ಷಕ್ಕೂ ಹೆಚ್ಚು ಹಣ ಕಂಪನಿಯ ಬಾಯಿಗೆ ಬೀಳದೆ ಉಳಿಯುತ್ತದೆ.

ಹಣ ತೆಗೆದುಕೊಳ್ಳಲು ಒಪ್ಪಿದ ಮೇಲೂ ಮ್ಯಾನೇಜರ್ ಬಿಡಲಿಲ್ಲ. "ಹಾಗಾದ್ರೆ ಕಂತು ಕಡಿಮೆ ಮಾಡಿ ಕೊಡ್ತೇನೆ ಮೇಡಂ, ನಿಮಗೆ ಹಗುರ ಆಗ್ತದೆ," ಎಂದ. ಕಂತು ಹಗುರವಾದರೆ ವರ್ಷಗಳು ಹಾಗೇ ಉಳಿಯುತ್ತವೆ, ಅದೇ ಅವನಿಗೆ ಬೇಕಾದದ್ದು. ಆದರೆ ಈ ಸಲ ಅಕ್ಕನೇ ಹೇಳಿದರು: "ಕಂತು ಮುಟ್ಬೇಡಿ. ವರ್ಷ ಇಳಿಸಿ. ಇಳಿಸಿದ್ದೇವೆ ಅಂತ ಬರೆದು ಸೀಲ್ ಹಾಕಿ ಕೊಡಿ."

ಮೆಟ್ಟಿಲಿಳಿದು ಬೀದಿಗೆ ಬಂದೆವು. ಬದುಕಿಕೊಂಡೆವು ಎಂಬ ಸಂತೋಷ ಒಂದು ಚೂರೂ ಆಗಲಿಲ್ಲ. ಬಾಯಿಯೊಳಗೆ ಕೊಳೆತದ್ದೇನೋ ಇಟ್ಟುಕೊಂಡ ಹಾಗಿತ್ತು. ಕಂಪನಿಯವರು ಮೋಸ ಮಾಡಿದರು ಎಂದು ದೂರು ಬರೆಯೋಣವೆಂದರೆ, ಕಾಗದದಲ್ಲಿ ಎಲ್ಲವೂ ಇತ್ತು. ಬಡ್ಡಿ ಇತ್ತು, ರೇಟ್ ಏರಬಹುದು ಎಂದಿತ್ತು, ಅವಧಿ ಉದ್ದವಾಗಬಹುದು ಎಂದಿತ್ತು. ಕೆಳಗೆ ಅಕ್ಕನ ಸಹಿ, ಪಕ್ಕದಲ್ಲಿ ನನ್ನದು.

ಆ ಮೇಲೆ ಅಕ್ಕ ಹಬ್ಬದ ದಿನವೂ ಹೊಲಿದರು. ನಲವತ್ತಾರು ಕಂತು ಕಟ್ಟಿದರು. ಇಪ್ಪತ್ತೆಂಟು ಬಾಕಿ ಇರುವಾಗ ಜ್ವರ ಬಂತು. ಮೂರು ದಿನ ಆಸ್ಪತ್ರೆಯಲ್ಲಿದ್ದರು, ನಾಲ್ಕನೆಯ ದಿನ ಇರಲಿಲ್ಲ. ಬೇರೆ ವಾರಸುದಾರರಿಲ್ಲದ ಮನೆ ಅಣ್ಣನ ಹೆಸರಿಗೇ ಬಂತು. ಅವರು ಅದನ್ನು ಮಾರಿ, ಉಳಿದ ಸಾಲ ತೀರಿಸಿ, ಮಿಕ್ಕದ್ದನ್ನು ತೆಗೆದುಕೊಂಡು ಹೋದರು. ಹುಟ್ಟಿದ ಮನೆಯ ಪಾಲೂ ಅವರಿಗೆ, ಅದನ್ನು ಕೊಟ್ಟು ಉಳಿಸಿಕೊಂಡ ಮನೆಯೂ ಅವರಿಗೆ. ಹದಿಮೂರನೆಯ ದಿನದ ಊಟಕ್ಕೆ ನನ್ನನ್ನೂ ಕರೆದಿದ್ದರು. ಎಲೆಯ ಮುಂದೆ ಕೂತೆ, ಉಣ್ಣದೆ ಎಲೆ ಮಡಚಿ ಎದ್ದೆ.

ಮೊನ್ನೆ ಮಧ್ಯಾಹ್ನ ಗುರುತಿಲ್ಲದ ನಂಬರಿನಿಂದ ಕರೆ ಬಂತು. ಅದೇ ಕಂಪನಿ. ಹೊಸ ದನಿ.

"ಮೇಡಂ, ಅವರ ಫೋನ್ ಸ್ವಿಚ್ ಆಫ್ ಬರ್ತಾ ಉಂಟು. ಫೈಲಿನಲ್ಲಿ ನಿಮ್ಮ ನಂಬರ್ ಇತ್ತು. ಅವರದ್ದು ತುಂಬ ಒಳ್ಳೆ ರೆಕಾರ್ಡ್ ಮೇಡಂ, ಒಂದು ಕಂತೂ ತಪ್ಪಲಿಲ್ಲ. ಅವರಿಗೆ ಹೊಸ ಸಾಲ ಪಾಸಾಗಿದೆ, ಸಹಿ ಒಂದು ಹಾಕಿದ್ರೆ ಆಯ್ತು."

"ಅವರು ತೀರಿಹೋಗಿ ಎರಡು ವರ್ಷ ಆಯ್ತು," ಎಂದೆ.

"ಓ... ಸಾರಿ ಮೇಡಂ." ಅದರ ಬೆನ್ನಿಗೇ, "ಮತ್ತೆ ನಿಮಗೇನಾದ್ರೂ ಬೇಕಿತ್ತಾ?"

ಫೋನ್ ಕೆಳಗಿಟ್ಟು ಕೈ ತೊಳೆದುಕೊಂಡೆ, ಎರಡು ಸಲ. ಒಂದು ಕಂತೂ ತಪ್ಪಲಿಲ್ಲ... ಅಕ್ಕ ಹೋದ ಮೇಲೆ ಅವರ ಬಗ್ಗೆ ನನ್ನ ಕಿವಿಗೆ ಬಿದ್ದ ಒಳ್ಳೆಯ ಮಾತು ಅದೊಂದೇ. ಅದು ಬಂದದ್ದು ಆ ಬಾಯಿಯಿಂದ. ಅವರು ಇದ್ದಾಗ ನಾನೇ ಎದುರು ನಿಂತು ಅದನ್ನು ಹೇಳಬಹುದಿತ್ತು. ಹೇಳಿರಲಿಲ್ಲ.