ಭಾವ ಓದಿದ ಪುಟ

ಅಕ್ಕ ತೀರಿಕೊಂಡಾಗ ಅವಳಿಗೆ ಮೂವತ್ತು ತುಂಬಿರಲಿಲ್ಲ. ಬರೆದದ್ದು ಒಂದೇ ಕಾದಂಬರಿ. ಅದನ್ನು ನಾನು ಇಷ್ಟು ವರ್ಷ ಸಾಯಗೊಡದೆ ಇಟ್ಟದ್ದು ಸಾಹಿತ್ಯದ ಮೇಲಿನ ಪ್ರೀತಿಯಿಂದಲ್ಲ, ಭಾವನ ಮೇಲಿನ ಸಿಟ್ಟಿನಿಂದ.

ಭಾವನದು ಕಂಪ್ಲಿಯಲ್ಲಿ ಅಕ್ಕಿ ಗಿರಣಿ. ಮದುವೆಯಾದ ಸ್ವಲ್ಪ ಕಾಲಕ್ಕೆ ಅಕ್ಕನ ಹೃದಯದ ವಾಲ್ವು ಕೆಟ್ಟಿದೆ ಎಂದು ಗೊತ್ತಾಯಿತು. ಒಂದು ಕೊಡ ನೀರು ಹೊತ್ತರೂ ಏದುಸಿರು. ಒಂದು ಮಧ್ಯಾಹ್ನ ಭಾವ ಅವಳನ್ನು ತುಂಗಭದ್ರಾ ಡ್ಯಾಂನ ನಮ್ಮ ಕ್ವಾರ್ಟರ್ಸಿಗೆ ತಂದು ಬಿಟ್ಟ. ಕಾಲುವೆ ಆಫೀಸಿನಲ್ಲಿದ್ದ ಅಪ್ಪ ಊಟಕ್ಕೆ ಬಂದಿದ್ದರು. ಭಾವ ಬಾಗಿಲಲ್ಲೇ ನಿಂತು ಅಪ್ಪನಿಗೆ ಏನೋ ಹೇಳಿ, ಕೊಟ್ಟ ನೀರನ್ನೂ ಮುಟ್ಟದೆ ಹೊರಟುಹೋದ. ಮತ್ತೆ ಅವಳನ್ನು ಕರೆದೊಯ್ಯಲು ಬರಲಿಲ್ಲ.

ಅಕ್ಕ ದಿಂಬಿಗೆ ಒರಗಿ ಬರೆಯತೊಡಗಿದಳು. ನಾನು ಆಗ ಹೊಸಪೇಟೆಯ ಡಿಟಿಪಿ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದೆ. ಅವಳ ಹಾಳೆಗಳನ್ನು ಬಸ್ಸಿನಲ್ಲಿ ಒಯ್ದು, ಲಗ್ನಪತ್ರಿಕೆಗಳ ನಡುವೆ ಬಿಡುವು ಸಿಕ್ಕಾಗ ಟೈಪ್ ಮಾಡುತ್ತಿದ್ದೆ. ಕಂಪ್ಲಿಯ ಮನೆಯಲ್ಲಿ ಆಡಿದ ಮಾತೆಲ್ಲ ಅದರಲ್ಲಿತ್ತು.

“ಹಿಂಗ ಬರದ್ರ ಭಾವ ಸುಮ್ನ ಬಿಡ್ತಾನೇನಕ್ಕಾ?” ಎಂದೆ.

“ಅವ ಓದಿದ್ರಲ್ಲೇನ?” ಎಂದು ನಕ್ಕಳು.

ಅಚ್ಚಾದ ಪುಸ್ತಕವನ್ನು ಅವಳು ನೋಡಿದಳು. ಓದುಗರನ್ನು ನೋಡಲಿಲ್ಲ. ಮುಂದಿನ ಮಳೆಗಾಲದಲ್ಲಿ ಹೋದಳು. ಭಾವ ಮಣ್ಣಿಗೆ ಬಂದು ಹಾರ ಹಾಕಿ ಹೋದ. ವರ್ಷ ತುಂಬುವ ಮೊದಲೇ ಇನ್ನೊಂದು ಮದುವೆಯಾದ.

ಅವತ್ತೇ ತೀರ್ಮಾನಿಸಿದೆ, ಈ ಪುಸ್ತಕ ಅವನಿಗಿಂತ ಹೆಚ್ಚು ಕಾಲ ಬಾಳಬೇಕು. ಪ್ರತಿಗಳು ಮುಗಿದಂತೆಲ್ಲ ಮತ್ತೆ ಅಚ್ಚು ಹಾಕಿಸಿದೆ. ಸಿಕ್ಕ ಕಾಲೇಜಿಗೆ, ಸಿಕ್ಕ ಹುಡುಗಿಗೆ ಕೊಟ್ಟೆ. ಹುಡುಗಿಯರು ಮನೆಗೆ ಒಯ್ದು ತಾಯಂದಿರಿಗೆ ಓದಿ ಹೇಳಿದರು. ಸಂಡೂರಿನ ಒಂದು ಕಾಲೇಜಿನಲ್ಲಿ ಅದನ್ನು ನಾಟಕವಾಗಿ ಆಡಿದರು. ಆಮೇಲೆ ಅಕ್ಕನ ನೆನಪಿಗೆ ಒಂದು ಕಾರ್ಯಕ್ರಮ ಮಾಡಬೇಕೆಂದು ಅಲ್ಲಿಯ ಉಪನ್ಯಾಸಕಿ ಫೋನು ಮಾಡಿದರು.

“ಅವ್ರ ಯಜಮಾನ್ರನ್ನೂ ಕರಿಯಾಣೇನ್ರಿ?”

“ಕರೀರಿ. ಅವ್ರ ಕೈಲೆ ಒಂದು ಪುಟ ಓದಸ್ರಿ. ಯಾವ ಪುಟಾಂತ ನಾ ಹೇಳ್ತೀನಿ.”

ಭಾವ ಬಿಳಿ ಅಂಗಿ ತೊಟ್ಟು ಬಂದ. ಶಾಲು ಹೊದಿಸಿಕೊಂಡ. “ನಮ್ಮ ಮನೆಯಾಕೆಗೆ ಬರೆಯಲು ನಾನೇ ಧೈರ್ಯ ತುಂಬುತ್ತಿದ್ದೆ” ಎಂದು ಮೈಕಿನಲ್ಲಿ ಹೇಳಿದ. ನಾನು ಮುಂದಿನ ಸಾಲಿನಲ್ಲಿ ಕೈಕಟ್ಟಿ ಕೂತಿದ್ದೆ. ಉಪನ್ಯಾಸಕಿ ಪುಟ ತೆರೆದು ಕೊಟ್ಟರು. ಕನ್ನಡಕ ಏರಿಸಿ ಗಟ್ಟಿ ದನಿಯಲ್ಲಿ ಓದಿದ.

“ಇಕಿನ್ನ ರಿಪೇರಿ ಮಾಡ್ಸಿ ಕಳಸ್ರಿ, ಮಾವ. ರಿಪೇರಿ ಆಗ್ಲಿಲ್ಲಂದ್ರ ನೀವ ಇಟ್ಕಳ್ರಿ.”

ಅಷ್ಟಕ್ಕೆ ನಿಂತ. ನಮ್ಮ ಬಾಗಿಲಲ್ಲಿ ಅವತ್ತು ಅಪ್ಪನಿಗೆ ತಾನೇ ಹೇಳಿದ ಮಾತು ಅದು ಎಂದು ಅವನಿಗೆ ಗುರುತು ಹತ್ತಿತು. ಮುಂದೆ ಓದಲಿಲ್ಲ. ನಾಟಕ ಆಡಿದ್ದ ಹುಡುಗಿಯರಿಗೆ ಎಲ್ಲ ಬಾಯಿಪಾಠ. ಹಿಂದಿನಿಂದ ಒಟ್ಟಿಗೆ ಕೂಗಿದರು: “ಕೂತು ಉಣ್ಣೋರಿಗೆ ನಮ್ಮನ್ಯಾಗ ಜಾಗ ಇಲ್ಲ!” ಸಭೆ ಚಪ್ಪಾಳೆ ಹೊಡೆಯಿತು. ಅವನು ಪುಸ್ತಕ ಮುಚ್ಚಿ ಮೇಜಿನ ಮೇಲಿಟ್ಟ. ಕಣ್ಣು ಮಿಟುಕಿಸದೆ ನೋಡಿದೆ.

ಹೊರಗೆ ಜೀಪಿನ ಹತ್ತಿರ ನನ್ನನ್ನು ತಡೆದ. “ಮಂದಿ ಮುಂದ ನನ್ನ ಮಾನ ಕಳದ್ಯಲ್ಲ!”

“ನಾ ಏನೂ ಬರ್ದಿಲ್ರಿ, ಭಾವ. ಟೈಪ್ ಮಾಡೀನಿ ಅಷ್ಟ.”

ಕೆಲವು ದಿನಗಳಾದ ಮೇಲೆ ಒಂದು ಫೋನು ಬಂತು. ಅವನ ಎರಡನೇ ಹೆಂಡತಿ. ಅಮಾವಾಸ್ಯೆಗೆ ಹಂಪಿಗೆ ಬರುತ್ತೇನೆ, ಆ ಪುಸ್ತಕ ಒಂದು ತಂದುಕೊಡಿ ಎಂದಳು. ಗುಡಿಯ ಹತ್ತಿರದ ಚಹಾದಂಗಡಿಯಲ್ಲಿ ಸಿಕ್ಕಳು. ಅವಳ ಮೇಲೂ ನನಗೆ ಸಿಟ್ಟಿತ್ತು. ಮುಖ ನೋಡಿದ ಮೇಲೆ ಉಳಿಯಲಿಲ್ಲ. ಪುಸ್ತಕ ಕೈಗೆ ಸಿಕ್ಕ ಕೂಡಲೇ ಕೇಳಿದಳು:

“ಇದ್ರಾಗ ನಮ್ಮತ್ತಿನೂ ಅದಾರೇನ್ರಿ?”

“ಅದಾರ. ಭಾಳ ಅದಾರ.”

ಬಾಯಿಗೆ ಸೆರಗು ಒತ್ತಿಕೊಂಡು ನಕ್ಕಳು. ಹಣ್ಣು ಕಾಯಿ ತೆಗೆದು ಪುಸ್ತಕವನ್ನು ಚೀಲದ ತಳಕ್ಕೆ ಇಟ್ಟಳು.

ಈಗ ಹೊಸ ಮುದ್ರಣಕ್ಕೆ ಪುಟ ಕಟ್ಟುತ್ತಿದ್ದೇನೆ. ಈ ಸಲ ಅಕ್ಷರ ದೊಡ್ಡದು ಮಾಡಿದ್ದೇನೆ. ಕಂಪ್ಲಿಯಲ್ಲಿ ಅಕ್ಕನ ಅತ್ತೆಗೆ ಕಣ್ಣು ಮಂಜಾಗಿದೆಯಂತೆ.