ಎರಡು ಸಂಘ, ಒಂದು ಹಗ್ಗ

ತುರುವೇಕೆರೆಯಿಂದ ಬೆಳಿಗ್ಗೆ ಏಳೂಕಾಲಕ್ಕೆ ತಿಪಟೂರಿಗೆ ಹೊರಡುವ ಸರ್ಕಾರಿ ಬಸ್ಸಿಗೆ ನಾವು ಮೂವರು ಹತ್ತಿದೆವು: ನಾನು, ರತ್ನ ಮತ್ತು ಹಗ್ಗ. ಕಂಡಕ್ಟರ್ ರತ್ನಳ ಆಧಾರ್ ಕಾರ್ಡು ನೋಡಿ ಸೊನ್ನೆ ರೂಪಾಯಿಯ ಟಿಕೆಟ್ ಹರಿದುಕೊಟ್ಟ. ನನ್ನಿಂದ ಮೂವತ್ತೈದು ತೆಗೆದುಕೊಂಡ. ಆಮೇಲೆ ಸೀಟಿನ ಕೆಳಗೆ ತುರುಕಿದ್ದ ಗೋಣಿಚೀಲವನ್ನು ಕಾಲಿನಿಂದ ಮುಟ್ಟಿ ನೋಡಿ, "ಇದೇನು?" ಎಂದ.

"ಹಗ್ಗ," ಎಂದಳು ರತ್ನ.

"ಲಗೇಜು. ಟಿಕೆಟ್ ತಗೋಬೇಕು."

"ನಂಗೆ ಫ್ರೀ ಅಲ್ವಾ? ನನ್ ಹಗ್ಗ ಕಣ್ರೀ ಅದು."

"ಹೆಂಗಸ್ರಿಗೆ ಫ್ರೀ ಕಣಮ್ಮ. ಹಗ್ಗ ಹೆಂಗಸಲ್ಲ."

ಇಡೀ ಬಸ್ಸು ನಕ್ಕಿತು. ಹಗ್ಗದ ಟಿಕೆಟ್ ನಾನೇ ಕೊಂಡೆ. ಮೂವತ್ತಮೂರೂವರೆ ಮೀಟರ್ ಉದ್ದದ, ನನ್ನ ಮಣಿಕಟ್ಟಿನಷ್ಟು ದಪ್ಪನೆಯ ಆ ಹಗ್ಗವನ್ನು ನಾವು ಹೊತ್ತು ತಿರುಗುವುದಕ್ಕೆ ಕಾರಣವಿತ್ತು.

ನಾನು ತುರುವೇಕೆರೆಯ ಒಂದು ಪ್ರೌಢಶಾಲೆಯಲ್ಲಿ ದೈಹಿಕ ಶಿಕ್ಷಣದ ಮೇಷ್ಟ್ರು. ರತ್ನ ದಬ್ಬೇಘಟ್ಟದವಳು, ನಾನು ತರಬೇತಿ ಕೊಡುವ ಹೆಂಗಸರ ಹಗ್ಗಜಗ್ಗಾಟ ತಂಡದ ನಾಯಕಿ. ತಂಡದ ಎಂಟೂ ಜನ ಕಾಯಿ ಸುಲಿದು, ಕೊಬ್ಬರಿ ಒಡೆದು ಪಳಗಿದ ಕೈಯವರು. ಈ ಆಟದಲ್ಲಿ ಎಂಟು ಜನರ ಒಟ್ಟು ತೂಕ ಒಂದು ಮಿತಿ ದಾಟಬಾರದು. ಕೊಬ್ಬರಿ ಮಂಡಿಯ ತಕ್ಕಡಿಯ ಮೇಲೆ ಅವರನ್ನು ಒಟ್ಟಿಗೆ ನಿಲ್ಲಿಸಿ ತೂಗಿ, ಅರ್ಧ ಕೆಜಿ ಹೆಚ್ಚು ಬಂದಾಗ ಬಳೆ ಬಿಚ್ಚಿಸಿ ಮತ್ತೆ ತೂಗಿದವನು ನಾನು. ದಸರಾ ಕ್ರೀಡಾಕೂಟದ ಪಾತ್ರೆ ಬಹುಮಾನಕ್ಕೆಂದು ಶುರುಮಾಡಿದ ಇವರು ಹಿಂದಿನ ತಿಂಗಳು ದೆಹಲಿಯ ಆಯ್ಕೆ ಪಂದ್ಯದಲ್ಲಿ ದೊಡ್ಡ ದೊಡ್ಡ ರಾಜ್ಯಗಳ ತಂಡಗಳನ್ನು ಗೆರೆಯಿಂದೀಚೆಗೆ ಎಳೆದು ಹಾಕಿದ್ದರು. ಸಮುದ್ರದಾಚೆ ಹಲವು ದೇಶಗಳು ಸೇರಿ ನಡೆಸುವ ಬಹುಕ್ರೀಡಾ ಕೂಟವೊಂದರಲ್ಲಿ ಆ ಸಲ ಹಗ್ಗಜಗ್ಗಾಟವನ್ನು ಪ್ರದರ್ಶನ ಕ್ರೀಡೆಯಾಗಿ ಸೇರಿಸಿದ್ದರು. ಪದಕ ಪಟ್ಟಿಗೆ ಲೆಕ್ಕವಿಲ್ಲದಿದ್ದರೂ ದೇಶದ ಹೆಸರು ಬೆನ್ನ ಮೇಲಿರುತ್ತದೆ.

ಅಂತರರಾಷ್ಟ್ರೀಯ ನಿಯಮ ಒಂದೇ ಸಾಲಿನದು: ಒಂದು ದೇಶಕ್ಕೆ ಒಂದೇ ಸಂಘ. ನಮ್ಮ ದೇಶದಲ್ಲಿ ಎರಡಿದ್ದವು. ಎರಡೂ ಕೋರ್ಟಿಗೆ ಹೋದವು, ಕೋರ್ಟು ಎರಡನ್ನೂ ಪಕ್ಕಕ್ಕೆ ಕೂರಿಸಿ ತಾತ್ಕಾಲಿಕ ಸಮಿತಿಯೊಂದನ್ನು ನೇಮಿಸಿತು. ಆ ಸಮಿತಿ ನಮ್ಮ ಜಿಲ್ಲೆಯ ಕಡತ ತೆರೆದರೆ ಅಲ್ಲೂ ಎರಡು! ಒಂದರ ಹೆಸರು 'ಜಿಲ್ಲಾ ಹಗ್ಗಜಗ್ಗಾಟ ಸಂಘ', ಇನ್ನೊಂದರದು 'ಹಗ್ಗಜಗ್ಗಾಟ ಜಿಲ್ಲಾ ಸಂಘ'. ಮೊದಲನೆಯದರ ಅಧ್ಯಕ್ಷರು ತಿಪಟೂರಿನ ಕೊಬ್ಬರಿ ವ್ಯಾಪಾರಿ ಮಹಾಲಿಂಗಪ್ಪ, ಎರಡನೆಯದರ ಅಧ್ಯಕ್ಷರು ಹುಳಿಯಾರಿನ ಅಂಗಡಿ ಮಾಲೀಕ ಶಿವನಂಜಪ್ಪ. ಒಂದು ಕಾಲಕ್ಕೆ ಇಬ್ಬರದೂ ಒಂದೇ ಸಂಘ. ರಾಜ್ಯ ಕೂಟವೊಂದರ ಪಥಸಂಚಲನದಲ್ಲಿ ಧ್ವಜ ಹಿಡಿಯುವವರು ಯಾರೆಂಬ ಮಾತಿಗೆ ಇಬ್ಬರೂ ಒಂದೇ ಕೋಲನ್ನು ಹಿಡಿದು, ಬಿಡದೆ, ಮೈದಾನ ಪೂರಾ ಒಂದು ಸುತ್ತು ಬಂದಿದ್ದರು. ಅಂದಿನಿಂದ ಸಂಘ ಎರಡಾಯಿತು. ಈಗ ಇಬ್ಬರೂ ಒಂದೇ ಪತ್ರಕ್ಕೆ ಸಹಿ ಹಾಕಿ ಗುರುವಾರ ಸಂಜೆ ಐದರೊಳಗೆ ಕಳಿಸಬೇಕು, ಇಲ್ಲದಿದ್ದರೆ ನಮ್ಮ ತಂಡವನ್ನು ಕೈಬಿಡಲಾಗುವುದು ಎಂದು ದೆಹಲಿಯ ಸಮಿತಿ ಬರೆದಿತ್ತು. ನಾವು ಹೊರಟದ್ದು ಬುಧವಾರ. ನಮ್ಮ ಹಗ್ಗ ಅಂತರರಾಷ್ಟ್ರೀಯ ಅಳತೆಗಿಂತ ಗಿಡ್ಡ ಎಂದು ಶಿವನಂಜಪ್ಪ ದೆಹಲಿಗೆ ದೂರು ಬರೆದಿದ್ದರಿಂದ ಹಗ್ಗವೂ ಜೊತೆಗೆ ಹೊರಟಿತ್ತು.

ತಿಪಟೂರಿನಲ್ಲಿ ಇಳಿದು ಎರಡೆರಡು ತಟ್ಟೆ ಇಡ್ಲಿ ತಿಂದು ಮಂಡಿಗೆ ಹೋದೆವು. ಮಹಾಲಿಂಗಪ್ಪ ಕೊಬ್ಬರಿ ಮೂಟೆಗಳ ನಡುವೆ ಗಾದಿಯ ಮೇಲೆ ಕುಳಿತಿದ್ದರು. ಪತ್ರವನ್ನು ಎರಡು ಸಲ ಓದಿದರು. ಸಹಿಯ ಜಾಗದ ಎಡಗಡೆ ತಮ್ಮ ಹೆಸರಿರುವುದು ನೋಡಿ ಮುಖ ಅರಳಿತು. ಆದರೆ ಪೆನ್ನು ಕೈಗೆ ತೆಗೆದುಕೊಳ್ಳಲಿಲ್ಲ.

"ಮೊದ್ಲು ಅವ್ನು ಹಾಕ್ಲಿ. ನಾನು ಮೊದ್ಲು ಹಾಕುದ್ರೆ ಸೋತಂಗಾಯ್ತದೆ ಮೇಷ್ಟ್ರೇ."

"ಇದು ನಿಮ್ಮ ಸೋಲು ಗೆಲುವಿನ ಮಾತಲ್ಲ ಸಾರ್, ಹೆಣ್ಣುಮಕ್ಕಳದು," ಎಂದೆ.

"ಗೊತ್ತಪ್ಪ. ಹೆಣ್ಣುಮಕ್ಳಿಗೋಸ್ಕರ ನಾನು ಕೋಟೇ ಹೊಲಿಸಿವ್ನಿ," ಎಂದು ಒಳಗಿನಿಂದ ಕಡುನೀಲಿ ಬಣ್ಣದ ಕೋಟು ತರಿಸಿ ತೋರಿಸಿದರು. ಎದೆಯ ಜೇಬಿನ ಮೇಲೆ 'ತಂಡದ ಮುಖ್ಯಸ್ಥರು' ಎಂದು ಬಂಗಾರದ ದಾರದಲ್ಲಿ ಕಸೂತಿ. ರತ್ನ ಕಸೂತಿಯನ್ನು ಬೆರಳಿನಿಂದ ಮುಟ್ಟಿ, "ನಮಗಿನ್ನೂ ಬೂಟು ಬಂದಿಲ್ಲ," ಎಂದಳು. ಅವರು ಆ ಮಾತು ಕೇಳಿಸಿಕೊಳ್ಳದೆ ಹಗ್ಗದ ಚೀಲ ಬಿಚ್ಚಿ ನೋಡಿದರು. "ಇಷ್ಟು ತೆಂಗು ಬೆಳೆಯೋ ಸೀಮೇಲಿ ನಮ್ ನಾರಿನ ಹಗ್ಗ ಯಾಕೆ ಆಗಲ್ಲ? ಅದುನ್ನ ಮೊದ್ಲು ಅಲ್ಲಿ ಕೇಳ್ಬೇಕು ನಾನು," ಎಂದರು. ಅವರು ಆಗಲೇ ವಿದೇಶ ತಲುಪಿಬಿಟ್ಟಿದ್ದರು.

ಹನ್ನೊಂದರ ಬಸ್ಸಿಗೆ ಚಿಕ್ಕನಾಯಕನಹಳ್ಳಿಗೆ, ಅಲ್ಲಿಂದ ಇನ್ನೊಂದು ಬಸ್ಸಿಗೆ ಹುಳಿಯಾರಿಗೆ. ಉತ್ತರಕ್ಕೆ ಹೋದಷ್ಟೂ ತೋಟಗಳು ತೆಳುವಾಗಿ, ಬಯಲಲ್ಲಿ ಕುರಿಮಂದೆಗಳು ಕಾಣಿಸತೊಡಗಿದವು. ಬಿಸಿಲು ಕಿಟಕಿಯ ಕಬ್ಬಿಣವನ್ನು ಮುಟ್ಟಲಾಗದಷ್ಟು ಕಾಯಿಸಿತ್ತು. ಹುಳಿಯಾರಿನ ಖಾನಾವಳಿಯಲ್ಲಿ ಮುದ್ದೆ, ಹುರುಳಿಕಾಳಿನ ಸಾರು. ರತ್ನ ಎರಡನೆಯ ಮುದ್ದೆ ಬೇಡವೆಂದಳು. "ತೂಕ ಐತಲ್ಲ ಮೇಷ್ಟ್ರೇ" ಎಂದು ಕಾರಣ ಹೇಳಿ, ಮಜ್ಜಿಗೆ ಕುಡಿದು ಎದ್ದಳು.

ಶಿವನಂಜಪ್ಪ ಅಂಗಡಿಯಲ್ಲಿ ನಮ್ಮನ್ನು ಬಹಳ ಮರ್ಯಾದೆಯಿಂದ ಕೂರಿಸಿ ಎಳನೀರು ಕೊಟ್ಟರು. ಪತ್ರ ನೋಡಿದರು.

"ಅವನ ಹೆಸ್ರು ಎಡಗಡೆ ಯಾಕೆ?"

"ಅಕ್ಷರಮಾಲೆ ಪ್ರಕಾರ ಸಾರ್. 'ಮ' ಆದಮೇಲೆ 'ಶ'."

"ಅಕ್ಷರಮಾಲೆನೂ ಅವನ ಕಡೆಗೇ ಸೇರ್ಕಂತಾ! ಅವ್ನು ಮೊದ್ಲು ಹಾಕ್ಲಿ, ಆಮೇಲೆ ನೋಡಾಣ."

ಗೋಡೆಗೆ ಒಂದು ಕೋಟು ನೇತುಹಾಕಿತ್ತು. ಅದೇ ಕಡುನೀಲಿ, ಅದೇ ಬಂಗಾರದ ದಾರ, ಅದೇ ಎರಡು ಪದ. ತಿಪಟೂರಿನ ಒಬ್ಬನೇ ಟೈಲರು ಇಬ್ಬರಿಗೂ ಹೊಲಿದಿದ್ದ. ಮುಖ್ಯಸ್ಥರ ಜಾಗ ಮಾತ್ರ ಒಂದೇ ಇತ್ತು.

ರತ್ನ ಎಳನೀರಿನ ಬುರುಡೆ ಕೆಳಗಿಟ್ಟಳು. "ಒಬ್ರ ಊರಿಗೆ ಇನ್ನೊಬ್ರು ಬರಲ್ಲ, ಒಬ್ರಿಗಿಂತ ಮೊದ್ಲು ಇನ್ನೊಬ್ರು ಹಾಕಲ್ಲ. ಸರಿ ಬುಡಿ. ನಾಳೆ ಹನ್ನೊಂದಕ್ಕೆ ಇಬ್ರೂ ಶೆಟ್ಟಿಕೆರೆಗೆ ಬನ್ನಿ. ಅದು ನಿಮ್ದೂ ಅಲ್ಲ, ಅವರ್ದೂ ಅಲ್ಲ. ಒಂದೇ ಸಲಕ್ಕೆ ಹಾಕಿ." ಎಂಟು ಮನೆಯ ಹೆಂಗಸರ ಪಾಸ್‌ಪೋರ್ಟಿಗಾಗಿ ತಿಂಗಳಿಡೀ ಓಡಾಡಿದವಳ ದನಿ ಅದು. ಶಿವನಂಜಪ್ಪ ಗೋಡೆಯ ಕೋಟಿನ ಕಡೆ ಒಮ್ಮೆ ನೋಡಿ ಒಪ್ಪಿದರು. ಮಹಾಲಿಂಗಪ್ಪನವರು ಫೋನಿನಲ್ಲಿ ಒಪ್ಪಿದರು. ಆ ದಿನ ಚಿಕ್ಕನಾಯಕನಹಳ್ಳಿಯ ನನ್ನ ಅಕ್ಕನ ಮನೆಯಲ್ಲಿ ಉಳಿದೆವು.

ಗುರುವಾರ ಬೆಳಿಗ್ಗೆ ಶೆಟ್ಟಿಕೆರೆ ತಲುಪಿ, ಕೆರೆ ಏರಿಯ ಪಕ್ಕದ ಬಯಲಿನಲ್ಲಿ ಟೀ ಅಂಗಡಿಯಿಂದ ಎರವಲು ತಂದ ಒಂದು ಟೇಬಲ್ಲು, ಎರಡು ಕುರ್ಚಿ ಹಾಕಿ ಕಾದೆವು. ಹನ್ನೊಂದಾಯಿತು, ಹನ್ನೆರಡಾಯಿತು. ಯಾರೂ ಇಲ್ಲ. ಫೋನು ಮಾಡಿದರೆ ಗೊತ್ತಾಯಿತು: ಮಹಾಲಿಂಗಪ್ಪನವರ ಕಾರು ಊರಿನ ಆ ತುದಿಯಲ್ಲಿ, ಶಿವನಂಜಪ್ಪನವರದು ಈ ತುದಿಯಲ್ಲಿ ಹತ್ತೂಮುಕ್ಕಾಲರಿಂದಲೂ ನಿಂತಿವೆ. ಮೊದಲು ಬಂದವನು ಕಾಯಬೇಕಾಗುತ್ತದೆ, ಕಾಯುವುದು ಅವಮಾನ. ರತ್ನ ನನ್ನ ಫೋನನ್ನು ಒಂದು ಕಿವಿಗೆ, ತನ್ನದನ್ನು ಇನ್ನೊಂದಕ್ಕೆ ಹಿಡಿದು "ಒಂದು, ಎರಡು, ಮೂರು, ಹೊರಡಿ" ಎಂದಳು. ಎರಡು ಕಾರುಗಳು ಒಂದೇ ಕ್ಷಣಕ್ಕೆ ಧೂಳೆಬ್ಬಿಸಿಕೊಂಡು ಬಂದು ನಿಂತವು. ಸುಡುವ ಬಿಸಿಲಿನಲ್ಲಿ, ಬಿಳಿ ಪಂಚೆಯ ಮೇಲೆ ನೀಲಿ ಕೋಟು ತೊಟ್ಟ ಇಬ್ಬರು ಮುಖ್ಯಸ್ಥರು ಇಳಿದರು. ಒಬ್ಬರು ಇನ್ನೊಬ್ಬರ ಜೇಬನ್ನು ಓದಿದರು.

"ಮೊದ್ಲು ಹಗ್ಗ ಅಳೀಲಿ," ಎಂದರು ಶಿವನಂಜಪ್ಪ. "ಗಿಡ್ಡ ಹಗ್ಗದ ತಂಡಕ್ಕೆ ನಾನು ಸಹಿ ಹಾಕಲ್ಲ."

"ಅಳೀಲಾ, ಯಾರು ಬ್ಯಾಡ ಅಂದ್ರು?" ಎಂದರು ಮಹಾಲಿಂಗಪ್ಪ.

ಹಗ್ಗ ಬಿಚ್ಚಿದೆವು. ಒಂದು ತುದಿಯನ್ನು ಶಿವನಂಜಪ್ಪ ತಾವೇ ಹಿಡಿದರು. ಅವರು ಮುಟ್ಟಿದ್ದರಿಂದ ಇನ್ನೊಂದು ತುದಿಯನ್ನು ಮಹಾಲಿಂಗಪ್ಪ ಬೇರೆಯವರಿಗೆ ಕೊಡಲಿಲ್ಲ. ನಾನು ಟೇಪು ಹಿಡಿದು ನಡುವೆ ಬಗ್ಗಿದೆ.

"ಸಡ್ಲ ಬುಟ್ಟಿದೀಯ, ಬಿಗಿ ಹಿಡಿಲಾ!"

"ನೀನ್ ಬಿಗಿ ಹಿಡಿ ಮೊದ್ಲು!"

ಒಬ್ಬರು ಒಂದು ಗೇಣು ಎಳೆದರು. ಇನ್ನೊಬ್ಬರು ಎರಡು ಗೇಣು. ನಾನು ಟೇಪಿನ ಸಮೇತ ಪಕ್ಕಕ್ಕೆ ಹಾರಿದೆ. ಟೀ ಅಂಗಡಿಯವರು, ಕುರಿ ಕಾಯುವವರು, ಬಸ್ಸಿಗೆ ಕಾದಿದ್ದವರು ಎಲ್ಲಾ ಓಡಿ ಬಂದರು. ಅರವತ್ತು ದಾಟಿದ ಇಬ್ಬರು ಅಧ್ಯಕ್ಷರು ಚಪ್ಪಲಿ ಕಳಚಿ, ಕಣ್ಣು ಕೆಕ್ಕರಿಸಿಕೊಂಡು, ಮೂವತ್ತು ಮೀಟರ್ ಅಂತರದಲ್ಲಿ ಹಿಂದಕ್ಕೆ ವಾಲಿದ್ದರು. ಒಮ್ಮೆ ಆ ಕಡೆ ನಾಲ್ಕು ಹೆಜ್ಜೆ, ಒಮ್ಮೆ ಈ ಕಡೆ ನಾಲ್ಕು ಹೆಜ್ಜೆ. ಮಹಾಲಿಂಗಪ್ಪನವರ ಕೋಟಿನ ತೋಳು ಪರ್ರೆಂದು ಹರಿಯಿತು. ಜನ ಚಪ್ಪಾಳೆ ತಟ್ಟುವಷ್ಟರಲ್ಲಿ ಶಿವನಂಜಪ್ಪನವರದೂ ಅದೇ ಜಾಗದಲ್ಲಿ ಹರಿಯಿತು. ಟೈಲರು ಒಬ್ಬನೇ ತಾನೆ.

ಕೊನೆಗೆ ಯಾರೂ ಗೆಲ್ಲಲಿಲ್ಲ. ಇಬ್ಬರೂ ಒಟ್ಟಿಗೆ ಹಗ್ಗ ಬಿಟ್ಟು ನೆಲದ ಮೇಲೆ ಕುಳಿತರು. ರತ್ನ ಇಬ್ಬರಿಗೂ ನೀರು ಕೊಟ್ಟಳು.

"ಈಗ್ಲೂ ಬೆನ್ನು ಬಗ್ಗಿಸ್ತೀಯ ಕಣ್ಲಾ ನೀನು," ಎಂದರು ಶಿವನಂಜಪ್ಪ. "ಆಗ್ಲೂ ಬಗ್ಗಿಸ್ತಿದ್ದೆ. ಅದುಕ್ಕೇ ಕಾಲೇಜಿನ ಫೈನಲ್ಲಲ್ಲಿ ನಾವು ಸೋತಿದ್ದು."

"ಸೋತಿದ್ದು ನಿನ್ ಕಾಲು ಜಾರಿ. ಸುಳ್ಳು ಹೇಳ್ಬ್ಯಾಡ." ಮಹಾಲಿಂಗಪ್ಪ ಅಂಗೈ ನೋಡಿಕೊಂಡರು. ಚರ್ಮ ಕಿತ್ತು ಕೆಂಪಾಗಿತ್ತು. ಆಮೇಲೆ ರತ್ನಳತ್ತ ತಿರುಗಿ, "ಎಲ್ಲಿ, ನಿನ್ ಕೈ ತೋರ್ಸವ್ವ," ಎಂದರು. ಅವಳು ಅಂಗೈ ಚಾಚಿದಳು. ಇಬ್ಬರೂ ಬಗ್ಗಿ ನೋಡಿದರು. ಅದು ಮರದ ತೊಗಟೆಯ ಹಾಗಿತ್ತು. ಮಹಾಲಿಂಗಪ್ಪ ತಮ್ಮ ಕೈಯನ್ನು ಮೆಲ್ಲಗೆ ಹಿಂದಕ್ಕೆಳೆದುಕೊಂಡರು.

"ಟೈಮು ಎರಡಾಯ್ತು," ಎಂದಳು ರತ್ನ.

ಹಗ್ಗದ ಅಳತೆ ಇಬ್ಬರಿಗೂ ಮರೆತೇಹೋಗಿತ್ತು. ಪೆನ್ನು ಕೊಟ್ಟೆ. ಬೆರಳು ಮಡಿಸಲು ಇಬ್ಬರಿಂದಲೂ ಆಗಲಿಲ್ಲ. ಪೆನ್ನು ಜಾರಿ ಬಿತ್ತು. ನಾನು ಮಹಾಲಿಂಗಪ್ಪನವರ ಸಂಘದ ಜಂಟಿ ಕಾರ್ಯದರ್ಶಿಯೂ ಆಗಿದ್ದರಿಂದ ಮೊಹರಿನ ಇಂಕು ಪ್ಯಾಡು ಚೀಲದಲ್ಲಿತ್ತು. "ಹೆಬ್ಬೆಟ್ಟು ಒತ್ತಿ," ಎಂದೆ. ಬಿ.ಕಾಂ. ಓದಿದ ಇಬ್ಬರೂ ಒಂದು ಕ್ಷಣ ನನ್ನನ್ನು ದುರುಗುಟ್ಟಿ ನೋಡಿದರು. ಎಡಗಡೆ ಬಲಗಡೆಯ ತಕರಾರು ಇನ್ನೂ ಇತ್ತಲ್ಲ, ಅದಕ್ಕೆ ರತ್ನ ಹೆಸರುಗಳಿಲ್ಲದ ಇನ್ನೊಂದು ಪ್ರತಿಯನ್ನು ಟೇಬಲ್ಲಿನ ಮೇಲಿಟ್ಟು ಇಬ್ಬರನ್ನೂ ಎದುರುಬದುರು ಕೂರಿಸಿದಳು. ಇಬ್ಬರೂ ತಂತಮ್ಮ ಎಡಗಡೆ ಒಂದೇ ಸಲಕ್ಕೆ ಹೆಬ್ಬೆಟ್ಟು ಒತ್ತಿದರು. ನಾನು ಅವರವರ ಕಡೆಯಿಂದ ಅವರವರ ಹೆಸರು ಬರೆದೆ. ಕಾಗದವನ್ನು ಹೇಗೆ ಹಿಡಿದರೂ ಒಬ್ಬ ಅಧ್ಯಕ್ಷರು ನೆಟ್ಟಗೆ, ಇನ್ನೊಬ್ಬರು ತಲೆಕೆಳಗು. ಯಾರು ನೆಟ್ಟಗೆ ಎಂಬುದನ್ನು ದೆಹಲಿಯೇ ತೀರ್ಮಾನಿಸಲಿ ಎಂದು ಬಿಟ್ಟೆವು.

ಚಿಕ್ಕನಾಯಕನಹಳ್ಳಿಯ ಜೆರಾಕ್ಸ್ ಅಂಗಡಿಯಿಂದ ಪತ್ರ ಇಮೇಲಿನಲ್ಲಿ ಹೋದಾಗ ಮೂರೂಮುಕ್ಕಾಲು. ಉತ್ತರ ಬರುವವರೆಗೂ ಅಲ್ಲೇ ಬೆಂಚಿನ ಮೇಲೆ ಕುಳಿತೆವು. ಐದಕ್ಕೆ ಹತ್ತು ನಿಮಿಷವಿದ್ದಾಗ ಉತ್ತರ ಬಂತು: ತಂಡವನ್ನು ಅಂಗೀಕರಿಸಲಾಗಿದೆ. ಅವಳು ಸೆರಗಿನಿಂದ ಮುಖ ಒರೆಸಿಕೊಂಡು, ಮತ್ತೊಮ್ಮೆ ಓದಿ ಎಂದಳು. ಮತ್ತೊಮ್ಮೆ ಓದಿದೆ. ಕೆಳಗೆ ಪಟ್ಟಿಯಿತ್ತು. ಆಟಗಾರ್ತಿಯರು ಎಂಟು. ಅಧಿಕಾರಿಗಳು ಏಳು. ತಂಡದ ಮುಖ್ಯಸ್ಥರು, ಉಪಮುಖ್ಯಸ್ಥರು, ವ್ಯವಸ್ಥಾಪಕರು, ಮೂವರು ವೀಕ್ಷಕರು, ಕೋಚು. ಒಂದೂ ನಾವು ಕೇಳಿದ ಹೆಸರಲ್ಲ.

"ನಿಮ್ ಹೆಸ್ರೆಲ್ಲಿ ಮೇಷ್ಟ್ರೇ?"

"ಇಲ್ಲ ಕಣಮ್ಮ."

ನಾಲ್ಕು ವರ್ಷ ಅವರಿಗೆ ಗದ್ದೆ ಬಯಲಲ್ಲಿ ಎಳೆಯುವುದನ್ನು ಕಲಿಸಿದ್ದೆ. ಏನೂ ಅನ್ನಿಸಲಿಲ್ಲ ಎಂದರೆ ಸುಳ್ಳಾಗುತ್ತದೆ. ಟೀ ತರಿಸುವ ನೆಪದಲ್ಲಿ ಎದ್ದುಹೋಗಿ ಬಂದೆ. ಅಷ್ಟರಲ್ಲಿ ಮಹಾಲಿಂಗಪ್ಪನವರ ಫೋನು ಬಂತು. ಅವರಿಗೂ ಪಟ್ಟಿ ತಲುಪಿತ್ತು. ಹಿಂದಿನಿಂದ ಶಿವನಂಜಪ್ಪನವರ ದನಿಯೂ ಕೇಳಿಸುತ್ತಿತ್ತು. ಇಬ್ಬರೂ ಇನ್ನೂ ಶೆಟ್ಟಿಕೆರೆಯ ಟೀ ಅಂಗಡಿಯಲ್ಲೇ ಇದ್ದರು. ದೆಹಲಿಯವರ ಮೇಲೆ ಇಬ್ಬರಿಗೂ ಕೆಂಡದಂಥ ಕೋಪ. "ಇದುನ್ನ ಬುಡಾದಿಲ್ಲ ಮೇಷ್ಟ್ರೇ. ನಾವಿಬ್ರೂ ಸೇರಿ ಹೊಸ ಸಂಘ ಮಾಡ್ತೀವಿ," ಎಂದರು. ಹಳೆಯ ಎರಡನ್ನು ಏನು ಮಾಡುತ್ತೀರಿ ಎಂದು ಕೇಳಿದೆ. "ಅವೂ ಇರ್ಲಿ," ಎಂದರು.

ತಿಪಟೂರಿಗೆ ಬಂದು ಸಂಜೆಯ ತುರುವೇಕೆರೆ ಬಸ್ಸು ಹಿಡಿದೆವು. ರತ್ನ ಹಗ್ಗದ ಚೀಲವನ್ನು ಸೀಟಿನ ಕೆಳಗೆ ತುರುಕಿ ಕುಳಿತಳು. "ನೀವಿಲ್ದಿದ್ರೆ ಗೆರೆ ಪಕ್ಕ ನಿಂತು ಕೂಗೋರ್ಯಾರು? ಆ ಕೋಚು ಹಿಂದೀಲಿ ಕೂಗುದ್ರೆ ನಮ್ ಕಾಲಿಗೆ ಅರ್ಥ ಆಗಲ್ಲ," ಎಂದಳು.

"ನೀನೇ ಕೂಗು. ಸಾಲಿನೊಳಗಿಂದಲೇ. ಉಸಿರು ಹೊಟ್ಟೆಯಿಂದ ತೆಗೀಬೇಕು."

"ಹೆಂಗೆ? ಹಿಂಗಾ?" ಎಂದವಳೇ ಹೊಟ್ಟೆಯಿಂದ ಉಸಿರೆತ್ತಿ, "ತಡಿ!" ಎಂದು ಕೂಗಿದಳು. ಡ್ರೈವರು ಗಕ್ಕನೆ ಬ್ರೇಕ್ ಹಾಕಿದ. ಮುಂದಿನ ಸೀಟಿನ ಅಜ್ಜಿಯ ಬುಟ್ಟಿಯಿಂದ ಮೂರು ತೆಂಗಿನಕಾಯಿ ಉರುಳಿ ಬಾಗಿಲವರೆಗೆ ಹೋದವು. "ಯಾರ್ರೀ ಇಳಿಯೋರು?" ಎಂದ ಕಂಡಕ್ಟರ್. ಯಾರೂ ಇಳಿಯುವವರಿರಲಿಲ್ಲ. ಅವನು ಬೈಯುತ್ತಿದ್ದರೂ ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. ಸರಿಯಾಗಿದೆ ಎಂದು ತಲೆಯಾಡಿಸಿದೆ.

ಅವರು ಹೋದರು, ಎಳೆದರು, ನಾಲ್ಕನೆಯವರಾಗಿ ಬಂದರು. ಅದೆಲ್ಲ ಆಮೇಲಿನ ಮಾತು. ಆ ಸಂಜೆ ತುರುವೇಕೆರೆಯಲ್ಲಿ ದಬ್ಬೇಘಟ್ಟದ ಬಸ್ಸು ಹೊರಡಲು ಸಿದ್ಧವಾಗಿ ನಿಂತಿತ್ತು. ರತ್ನ ಹಗ್ಗ ಹೊತ್ತು ಓಡಿ ಹತ್ತಿದಳು. "ಬತ್ತೀನಿ ಮೇಷ್ಟ್ರೇ," ಎಂದಳು. ಬಸ್ಸು ನಿಲ್ದಾಣದ ಗೇಟು ದಾಟಿ ತಿರುಗುವಾಗ ಕಿಟಕಿಯಿಂದ ಅವಳ ತಲೆ ಹೊರಬಂತು.

"ಎಳಿ!"

ನಿಲ್ದಾಣದಲ್ಲಿದ್ದವರೆಲ್ಲ ತಿರುಗಿ ನೋಡಿದರು. ಹೂ ಮಾರುವವಳು ಮೊಳ ಹಾಕುತ್ತಿದ್ದ ಕೈ ನಿಲ್ಲಿಸಿದಳು. ನಾನು ನನ್ನ ಕಾಲು ನೋಡಿಕೊಂಡೆ. ಎರಡೂ ಹಿಮ್ಮಡಿಗಳು ನನ್ನನ್ನು ಕೇಳದೆಯೇ ನೆಲಕ್ಕೆ ಊರಿಕೊಂಡಿದ್ದವು.