ಬೇಳೆ ಡಬ್ಬಿಯಲ್ಲಿ ಸೋಸಿದ ಸೂರ್ಯ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. ನಮ್ಮತ್ತೆಗೂ ಅಷ್ಟೇ. ವೀರನಹೊಸಹಳ್ಳಿ ಹತ್ತಿರದ ಈ ಮನೆಗೆ ಸೊಸೆಯಾಗಿ ಬಂದಾಗಿನಿಂದ ನಾವಿಬ್ಬರೂ ಬೇಕಾದಷ್ಟು ವಿಷಯಕ್ಕೆ ಜಗಳವಾಡಿದ್ದೇವೆ. ಆದರೆ ಆಕಾಶದ ವಿಷಯಕ್ಕೆ ಆಡಿದಷ್ಟು ಇನ್ಯಾವುದಕ್ಕೂ ಆಡಿಲ್ಲ.

ನಾನು ಹುಣಸೂರಿನ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಟೀಚರು. ನಮ್ಮ ಹೊಲದ ಮೇಲ್ತುದಿಯಲ್ಲಿ ಹೊಗೆಸೊಪ್ಪು ಬೇಯಿಸುವ ಬ್ಯಾರನ್ ಒಂದಿತ್ತು. ಹೊಗೆಸೊಪ್ಪು ಬಿಟ್ಟು ಮುಸುಕಿನ ಜೋಳ ಹಾಕಲು ಶುರುಮಾಡಿದ ಮೇಲೆ ಅದರಲ್ಲಿ ಇಲಿಗಳೇ ಸಂಸಾರ ಹೂಡಿದ್ದವು. ಅದನ್ನು ಗುಡಿಸಿ, ಹಳೆಯ ರೇಡಿಯೊ ಇಟ್ಟು, ಎರಡು ಸಿಲ್ವರ್ ಮರಗಳ ನಡುವೆ ತಾಮ್ರದ ತಂತಿ ಎಳೆದು, ಸೂರ್ಯನನ್ನು ಕೇಳಲು ಕೂತೆ. ನೋಡಲು ಅಲ್ಲ, ಕೇಳಲು! ಸೂರ್ಯ ಸಿಡಿದಾಗ ಹೊರಡುವ ಅಲೆಗಳು ಇಂಥ ರೇಡಿಯೊದಲ್ಲಿ ಸದ್ದಾಗಿ ಸಿಗುತ್ತವೆ. ಮೊರದಿಂದ ರಾಗಿ ಸುರಿದ ಹಾಗೆ ಸರ್ರನೆ ಏರಿ, ನಿಧಾನವಾಗಿ ಇಳಿಯುತ್ತದೆ. ಶನಿವಾರ ಮಕ್ಕಳು ಬಂದರೆ ಎಲ್ಲರಿಗೂ ಕೇಳಲೆಂದು ಹಳೆಯ ಮೈಕ್‌ಸೆಟ್ಟು ತಂದು, ಅದರ ಹಾರ್ನನ್ನು ಬ್ಯಾರನ್ನಿನ ನೆತ್ತಿಗೆ ಕಟ್ಟಿಸಿದ್ದೆ. ಊರವರು ಅದಕ್ಕೆ ಆಕಾಶದ ಕಿವಿ ಅಂದರು. ಅತ್ತೆ ಹುಚ್ಚಿನ ಬ್ಯಾರನ್ ಅಂದರು.

ಕಾಟ ಕೊಟ್ಟಿದ್ದು ನಮ್ಮದೇ ಸೋಲಾರ್ ಬೇಲಿ. ಈಚೆಗೆ ಆನೆಗಳಿಗೆ ಹಗಲು ರಾತ್ರಿ ಎಂಬುದಿಲ್ಲ, ಹಾಗಾಗಿ ಬೇಲಿಯಲ್ಲಿ ಸದಾ ಕರೆಂಟು. ಆ ಕರೆಂಟು ಒಂದೇ ಸಮನೆ ಹರಿಯುವುದಿಲ್ಲ, ಸೆಕೆಂಡಿಗೊಮ್ಮೆ ಹೊಡೆಯುತ್ತದೆ. ಹೊಡೆದಾಗಲೆಲ್ಲ ನನ್ನ ರೇಡಿಯೊದಲ್ಲಿ ಟಕ್. ಸೂರ್ಯ ಏನೋ ಹೇಳಲು ಹೊರಟರೆ ಟಕ್, ಮತ್ತೆ ಟಕ್. ತಲೆ ಕೆಟ್ಟುಹೋಗುತ್ತಿತ್ತು.

"ಸಂಜೆ ಅರ್ಧ ಗಂಟೆ ಬೇಲಿ ಆಫ್ ಮಾಡೋಣ ಅತ್ತೆ" ಅಂದೆ.

"ನಿಂಗೇನು ತಲೆ ನೆಟ್ಟಗದಾ? ಆನೆ ಬಂದು ಜೋಳದ ಜೊತೆ ನನ್ನೂ ತುಳ್ದಾಕ್ಲಿ ಅಂತಾನಾ? ಆಕಾಸ ಕೇಳ್ಕಂಡು ಏನ್ ಮಾಡೀಯೆ? ಅದೇನು ನಿನ್ ಹೆಸ್ರಿಡ್ದು ಕೂಗ್ತದಾ?"

ನಮ್ಮ ಯಜಮಾನರೂ ಅಮ್ಮನ ಕಡೆಗೇ ನಿಂತರು. ಆಗಲಿ ಎಂದು ಹಠ ಹಿಡಿದು ಟಕ್ಕನ್ನು ಸೋಸುವ ಫಿಲ್ಟರ್ ಒಂದನ್ನು ನಾನೇ ಮಾಡಿದೆ. ತಂತಿ ಸುರುಳಿ ಸುತ್ತಿ, ಅದನ್ನೆಲ್ಲ ಅಡುಗೆಮನೆಯ ಸ್ಟೀಲಿನ ಬೇಳೆ ಡಬ್ಬಿಯೊಳಗೆ ಕೂರಿಸಿದೆ. ಡಬ್ಬಿ ಕಾಣೆಯಾಗಿದ್ದಕ್ಕೆ ಅತ್ತೆ ಬೈದದ್ದು ಬೀದಿಗೆಲ್ಲ ಕೇಳಿತು. ಮೊದಲ ದಿನ ಟಕ್ಕು ಹೋಗಲಿಲ್ಲ. ಎರಡನೆಯ ದಿನವೂ ಹೋಗಲಿಲ್ಲ. ಬ್ಯಾರನ್ನಿನಲ್ಲಿ ಕೂತು ಒಬ್ಬಳೇ ಅತ್ತುಬಿಟ್ಟೆ, ನಾಚಿಕೆಯಿಲ್ಲದೆ. ಮೂರನೆಯ ದಿನ ಏನಾಶ್ಚರ್ಯ, ಒಂದೇ ಒಂದು ಟಕ್ಕೂ ಇಲ್ಲ! ಸೂರ್ಯ ಸ್ವಚ್ಛವಾಗಿ ಕೇಳಿದ. ನನಗೆ ನಾನೇ ಬೆನ್ನು ತಟ್ಟಿಕೊಂಡೆ. ಸ್ಟಾಫ್ ರೂಮಿನಲ್ಲಿ ಹೇಳಿಕೊಂಡು ಬೀಗಿದೆ. ಅತ್ತೆಗೂ ಹೇಳಿದೆ.

"ಊಂ, ನನ್ ಡಬ್ಬಿ ಅಲ್ವಾ" ಅಂದರು, ಅಷ್ಟೇ.

ಅಂದಿನಿಂದ ದಿನಾ ಐದು ಗಂಟೆಗೆ ಸ್ಕೂಲಿನಿಂದ ಬಂದು ಬ್ಯಾರನ್ ಸೇರುತ್ತಿದ್ದೆ. ನೋಟ್‌ಬುಕ್ಕಿನಲ್ಲಿ 'ಸ್ವಚ್ಛ' ಎಂದು ಕೆಂಪು ಪೆನ್ನಿನಲ್ಲಿ ಬರೆಯುತ್ತಿದ್ದೆ. ಅದೇ ಹೊತ್ತಿಗೆ ಅತ್ತೆ ಕುಡುಗೋಲು ಹಿಡಿದು ಹಸುವಿಗೆ ಹುಲ್ಲು ತರಲು ಹೊಲದ ಕೆಳತುದಿಗೆ ಹೋಗುತ್ತಿದ್ದರು. ಬೇಲಿಯ ಬ್ಯಾಟರಿ ಪೆಟ್ಟಿಗೆ ಇರುವುದೂ ಅಲ್ಲೇ, ಅದರಾಚೆ ಕೆರೆ, ಕೆರೆಯಾಚೆ ಕಾಡು.

ಆ ಸಂಜೆ ಕಿವಿಗೆ ಹೆಡ್‌ಫೋನು ಹಾಕಿ ಕೂತಿದ್ದೆ. ಮೊಬೈಲಿನಲ್ಲಿ ಊರಿನ ಗ್ರೂಪಿಗೆ ಮೆಸೇಜು ಬಂತು: ಒಂಟಿ ಸಲಗ ಕೆರೆ ಏರಿ ದಾಟಿದೆ, ಕೆಳಗಿನ ಹೊಲದವರು ಹುಷಾರು. ಕೆಳಗಿನ ಹೊಲವೆಂದರೆ ನಮ್ಮದೇ. ಅತ್ತೆಗೆ ಫೋನು ಒಯ್ಯುವ ಅಭ್ಯಾಸವಿಲ್ಲ. ಇರಲಿ, ಬೇಲಿ ಇದೆಯಲ್ಲ ಅಂದುಕೊಂಡೆ. ಆದರೂ ಮನಸ್ಸು ತಡೆಯಲಿಲ್ಲ. ಟಕ್ಕು ಕೇಳಿದರೆ ಬೇಲಿ ಜೀವಂತವಾಗಿದೆ ಎಂದು ಗೊತ್ತಾಗುತ್ತದೆ ಎಂದು ಡಬ್ಬಿಯ ವೈರನ್ನು ಕಿತ್ತೆ.

ಟಕ್ಕಿಲ್ಲ.

ಇನ್ನೊಂದು ವೈರನ್ನೂ ಕಿತ್ತು ಡಬ್ಬಿಯನ್ನು ಆಚೆ ಸರಿಸಿ, ಮರದಿಂದ ಬಂದ ತಂತಿಯನ್ನು ನೇರವಾಗಿ ರೇಡಿಯೊಗೇ ಸಿಕ್ಕಿಸಿದೆ. ರೇಡಿಯೊ ಬರೀ ಸುಯ್ ಅನ್ನುತ್ತಿತ್ತು. ಬೇಲಿಯಲ್ಲಿ ಕರೆಂಟೇ ಇರಲಿಲ್ಲ.

ಬಾಗಿಲಿಗೆ ಓಡಿಬಂದೆ. ಕೆಳತುದಿಯಲ್ಲಿ ಅತ್ತೆಯ ಹಸಿರು ಸೀರೆ ಕಂಡಿತು. ಪೆಟ್ಟಿಗೆಯಿಂದ ಹತ್ತು ಹೆಜ್ಜೆ ಈಚೆ, ಕೆರೆಗೆ ಬೆನ್ನು ಹಾಕಿ, ಬ್ಯಾರನ್ ಕಡೆಗೇ ನೋಡುತ್ತ ನಿಂತಿದ್ದರು. ಅವರ ಹಿಂದೆ, ಬೇಲಿಯಾಚೆ, ಲಂಟಾನ ಪೊದೆ ಅಲುಗಾಡಿತು. ಪೊದೆಯ ಮೇಲೆ ಮಣ್ಣು ಮೆತ್ತಿದ ಬೆನ್ನು. ಓಡಿದರೆ ಮುಟ್ಟುವಷ್ಟು ಹೊತ್ತಿಲ್ಲ. ಬಾ ಎಂದು ಕೂಗಿದರೆ ಅತ್ತೆ ಓಡುತ್ತಾರೆ, ಆನೆ ಸತ್ತ ತಂತಿ ತುಳಿದು ಹಿಂದೆಯೇ ಬರುತ್ತದೆ. ಮೈಕ್‌ಸೆಟ್ಟು ಆನ್ ಮಾಡಿದೆ.

"ಅತ್ತೆ, ಓಡ್ಬೇಡಿ! ಹಿಂದ್ಗಡೆ ಆನೆ! ಬೇಲಿ ಸ್ವಿಚ್ ಹಾಕಿ!"

ಅತ್ತೆ ನನ್ನ ಮಾತನ್ನು ಒಂದು ದಿನವೂ ಕೇಳಿದವರಲ್ಲ. ಅವತ್ತು ಓಡಲಿಲ್ಲ. ಆನೆಯ ಕಡೆಗೇ ತಿರುಗಿ ಹತ್ತು ಹೆಜ್ಜೆ ನಡೆದರು. ಆನೆ ಪೊದೆಯಿಂದ ಹೊರಬಂದು ನಿಂತಿತು. ಅತ್ತೆ ಪೆಟ್ಟಿಗೆಗೆ ಬಗ್ಗಿ ಸ್ವಿಚ್ಚಿಗೆ ತಡಕಾಡಿದರು. ಆನೆ ಸೊಂಡಿಲು ಚಾಚಿತು. ದೇವರೇ, ದೇವರೇ ಅನ್ನುತ್ತಿದ್ದೆ, ಅದೂ ಮೈಕಿನಲ್ಲೇ.

ಟಕ್.

ರೇಡಿಯೊ ಮೈಕ್‌ಸೆಟ್ಟಿಗೇ ಸೇರಿಕೊಂಡಿತ್ತು. ಆ ಸದ್ದು ಹಾರ್ನಿನಿಂದ ಹೊಲದ ತುಂಬ ಕೇಳಿತು. ಟಕ್. ಸೊಂಡಿಲು ತಂತಿಗೆ ತಾಗಿತು. ಆನೆ ಘೀಳಿಟ್ಟು ಹಿಂದೆ ಸರಿದು, ತಿರುಗಿ, ಲಂಟಾನ ಮುರಿಯುತ್ತ ಕೆರೆ ಕಡೆಗೆ ಹೋಯಿತು.

ನಾನು ಹೋಗಿ ಮುಟ್ಟುವಾಗ ಅತ್ತೆ ನೆಲಕ್ಕೆ ಕುಸಿದು ಕೂತಿದ್ದರು.

"ಯಾರ್ ಆಫ್ ಮಾಡಿದ್ದು ಇದನ್ನ?" ನಾನು ಅರಚಿದೆ.

"ನಾನೇ ಕಣವ್ವ."

"ಯಾಕೆ?"

"ನಿಂಗೆ ಕೇಳ್ಲಿ ಅಂತ. ದಿನಾಲೂ ಮಾಡ್ತೀನಿ. ನೀನು ಬಾಗ್ಲು ತಗ್ದು ಈಚೆ ಬಂದೇಟ್ಗೆ ಆನ್ ಮಾಡ್ಬುಡ್ತೀನಿ." ಸೆರಗಿನಿಂದ ಮುಖ ಒರೆಸಿಕೊಂಡರು. "ಅವತ್ತು ಡಬ್ಬಿ ಇಟ್ಕಂಡು ಅಳ್ತಿದ್ದಲ್ಲ, ನೋಡಕ್ಕಾಗ್ಲಿಲ್ಲ."

ನನಗೆ ಅವರ ಮೇಲೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಬೈಯುತ್ತಲೇ ಅವರನ್ನು ತಬ್ಬಿಕೊಂಡು ಅತ್ತುಬಿಟ್ಟೆ. ನೋಟ್‌ಬುಕ್ಕಿನಲ್ಲಿ 'ಸ್ವಚ್ಛ' ಎಂದು ಬರೆದ ಅಷ್ಟೂ ದಿನ, ಅರ್ಧರ್ಧ ಗಂಟೆ, ಈ ಹೆಂಗಸು ಒಂದು ಕುಡುಗೋಲು ಹಿಡಿದು ಸತ್ತ ತಂತಿಯ ಪಕ್ಕ ನಿಂತಿದ್ದರು. ನನ್ನ ಫಿಲ್ಟರ್ ಒಂದು ದಿನವೂ ಕೆಲಸ ಮಾಡಿರಲಿಲ್ಲ.

ಡಬ್ಬಿಯೊಳಗಿನ ಸುರುಳಿ ಕಿತ್ತುಹಾಕಿ, ಹುಣಸೆಹಣ್ಣು ಹಾಕಿ ತೊಳೆದು, ಅಡುಗೆಮನೆಯಲ್ಲಿ ಇಟ್ಟೆ. ಮಾರನೆಯ ಸಂಜೆ ಬ್ಯಾರನ್ನಿನಲ್ಲಿ ಕೂತಿದ್ದಾಗ ಅತ್ತೆ ಬಾಗಿಲಲ್ಲಿ ಬಂದು ನಿಂತರು. ಸೆಕೆಂಡಿಗೊಂದು ಟಕ್ಕು ಹೊಡೆಯುತ್ತಲೇ ಇತ್ತು.

"ಇದ್ರಲ್ಲಿ ನಿಂಗೆ ಸೂರ್ಯ ಕೇಳ್ತಾನಾ?"

"ಚೆನ್ನಾಗೇ ಕೇಳ್ತಾನೆ ಅತ್ತೆ" ಅಂದೆ. ಒಂದಿಷ್ಟೂ ಕೇಳುತ್ತಿರಲಿಲ್ಲ.